ಹೊಡೆದಿಲ್ಲ, ಕೂರಿಸಿದರು

ಫೆಬ್ರವರಿ 24, ಸೋಮವಾರ. ಬೆಳಿಗ್ಗೆ 11

ಇವತ್ತೂ ಅದೇ ಬೆಂಚು. ಬೇವಿನ ನೆರಳು ಇನ್ನೂ ನಮ್ಮ ಕಡೆ ಬಂದಿಲ್ಲ. ಅಪ್ಪ ಎಡಕ್ಕೆ, ನಾನು ಬಲಕ್ಕೆ, ನಡುವೆ ಬುತ್ತಿ.

ಮೊಬೈಲು ಬಾಗಿಲಲ್ಲೇ ಇಸಿದುಕೊಳ್ಳುತ್ತಾರೆ. ಅದಕ್ಕೇ ಈ ಡೈರಿ. ಬೀಜದ ಕಂಪನಿಯವರು ಹಂಚಿದ್ದು, ಮನೆಯಲ್ಲಿ ಖಾಲಿ ಬಿದ್ದಿತ್ತು. ಬರೆಯುತ್ತಿದ್ದರೆ ಕಾಲು ಕುಣಿಯುವುದು ಸ್ವಲ್ಪ ನಿಲ್ಲುತ್ತದೆ. ಒಂದೇ ಕಡೆ ಕೂರಲಾಗದೆ ಒಂಬತ್ತನೇ ಇಯತ್ತೆಗೆ ಶಾಲೆ ಬಿಟ್ಟವನು ನಾನು. ಮಾಸ್ತರರು ಈಗ ನೋಡಬೇಕು ನನ್ನನ್ನು.

ಬಸವಕಲ್ಯಾಣದಲ್ಲಿ ಹುಮನಾಬಾದ ಬಸ್ಸು ಹತ್ತುವುದು, ನಡುವೆ ಹೈವೇ ಮೇಲೆ ಇಳಿಯುವುದು. ಎದುರಿಗೇ ಠಾಣೆ. ಹತ್ತಕ್ಕೆ ಬರಬೇಕು. ಬಿಡುವುದು ದೀಪ ಹಚ್ಚುವ ಹೊತ್ತಿಗೆ. ಏನೂ ಕೇಳುವುದಿಲ್ಲ, ಏನೂ ಬರೆದುಕೊಳ್ಳುವುದಿಲ್ಲ. ಕೇಸಿಲ್ಲ. ನೋಟಿಸಿಲ್ಲ. ಬರ್ರಿ ಅನ್ನುತ್ತಾರೆ, ಬರುತ್ತೇವೆ.

ಎಎಸ್ಐ ನರಸಿಂಗ ಸಾಹೇಬರು ಈಗ ಬಂದರು. ಬುಲೆಟ್ ನಿಲ್ಲಿಸಿ ದಿನದ ಮಾತು:

"ಬೆಂಜೋ ಪಾರ್ಟಿ ಹಾಜರ್ ಅದಯೇನಪಾ?"

"ಅದೀವ್ರಿ."

"ಹಂಗಾರ ಕುಂದರ್ರಿ. ಚಾ ಕುಡದೀರೇನು?"

ಉತ್ತರ ಕೇಳದೆ ಒಳಗೆ ಹೋದರು. ಬೈಯಲಿಲ್ಲ. ಯಾವತ್ತೂ ಬೈದಿಲ್ಲ.

ಅಪ್ಪ ಲಗ್ನಗಳಲ್ಲಿ ಬಾರಿಸುವ ಬೆಂಜೋ, ನನ್ನ ಡ್ರಮ್ ಪ್ಯಾಡು, ಹೊಸ ಮಿಕ್ಸರು ಒಳಗಿನ ಖೋಲಿಯಲ್ಲಿವೆ. ಜಪ್ತಿ ಮಾಡಿದ ಮೋಟರುಗಳ ಜೊತೆ. ಇವನ್ನು ಜಪ್ತಿ ಅಂತಲೂ ಬರೆದಿಲ್ಲ, "ಇಲ್ಲೇ ಇರ್ಲಿ, ಬರಲಿಲ್ಲಂದ್ರ ಬಿಡಂಗಿಲ್ಲ" ಅಂದರು ಅಷ್ಟೇ. ಕಿಟಕಿಯಿಂದ ಬೆಂಜೋಗೆ ಸುತ್ತಿದ ನೀಲಿ ಬಟ್ಟೆ ಕಾಣುತ್ತದೆ. ಅಪ್ಪ ಬರುವಾಗೊಮ್ಮೆ ನೋಡುತ್ತಾನೆ, ಹೋಗುವಾಗೊಮ್ಮೆ. ನಡುವೆ ಆ ಕಡೆ ಮುಖ ತಿರುಗಿಸುವುದಿಲ್ಲ.

ಲಗ್ನದ ಸೀಜನ್ನು. ನಿನ್ನೆ ಹುಲಸೂರಿನ ಲಗ್ನ ಕೈ ತಪ್ಪಿತು. ಬೇರೆ ಪಾರ್ಟಿ ಬಾರಿಸಿತಂತೆ.

ಮಧ್ಯಾಹ್ನ 3

ಅಪ್ಪ ಒಳಗೆ ಹೋಗಿ ಕೇಳಿದ — "ತಂತಿ ಬಿಗದs ಅದಾವ್ರಿ ಸಾಹೇಬರ. ಹಂಗ ಬಿಟ್ರ ಕಟ್ಟಿಗಿ ಡೊಂಕ ಆಗತದ. ಜರಾ ಸಡಿಲ ಮಾಡಿ ಬರ್ತೀನಿ."

"ಆಮ್ಯಾಲೆ ನೋಡಮು."

ಅಲ್ಲಿದ್ದ ಪೇದೆ: "ಹೊರಗ ತಂದು ಒಂದು ಹಾಡ ಬಾರ್ಸು ಮಚ್ಚೇಂದ್ರ. ನಮಗೂ ಟೈಂ ಹೋಗಂಗಿಲ್ಲ."

"ಬಿಟ್ಟ ಮ್ಯಾಲೆ ಬಾರಸ್ತೀನ್ರಿ" ಅಂದ ಅಪ್ಪ. ಬಂದು ಕೂತ.

ಫೆಬ್ರವರಿ 27, ಗುರುವಾರ

ಸತೀಶಕುಮಾರ ಬಂದಿದ್ದ. ಹುಮನಾಬಾದದಲ್ಲಿ ಅವನ ಅಡತಿ ಅಂಗಡಿ. ಅವನ ಊರು ಈ ಠಾಣೆಯ ಸರಹದ್ದಿನಲ್ಲಿ. ಶಿವರಾತ್ರಿಯ ಪ್ರಸಾದ ಅಂತ ಎಲ್ಲರಿಗೂ ಉತ್ತತ್ತಿ ಹಂಚಿದ. ನಮಗೂ ಕೊಟ್ಟ. ಅಪ್ಪ ತೆಗೆದುಕೊಂಡು ಹಣೆಗೆ ಮುಟ್ಟಿಸದೆ ಜೇಬಿಗೆ ಹಾಕಿದ.

ಅವನ ಮಗಳು ರೂಪಾಲಿಯ ಲಗ್ನಕ್ಕೆ ನಮಗೆ ಬಯಾನಾ ಕೊಟ್ಟಿದ್ದ. ದೊಡ್ಡ ಬಯಾನಾ. ಇಡೀ ಸೀಜನ್ನಿನ ಧೈರ್ಯ ಅದು. ಆ ಮುಂಗಡವೇ ಹೊಸ ಮಿಕ್ಸರು ಆಯಿತು. ಆಮೇಲೆ ಅವನ ತಾಯಿ ಶಕುಂತಲಾಬಾಯಿ ತೀರಿಹೋದಳು, ಲಗ್ನ ಮುಂದೆ ಹೋಯಿತು. ಈಗ ಬೀಗರಿಗೆ ಲಾತೂರಿನ ಡೀಜೆ ಬೇಕಂತೆ. ಬಯಾನಾ ವಾಪಸ್ ಕೊಡು ಅನ್ನುತ್ತಾನೆ.

"ಅದು ಮುಟ್ಟ್ಯಾದಲ್ರಿ ಸಾವಕಾರ್ರ" ಅಂದ ಅಪ್ಪ.

"ಹ್ಯಾಂಗ ಮುಟ್ಟ್ಯಾದ?"

ಅಪ್ಪ ದನಿ ಇಳಿಸಿದ. "ಅವ್ವಾರ ಮಣ್ಣಿಗೆ ಬಾರಿಸಿದೆವಲ್ರಿ."

"ಅದು ನೀವು ಮಾನಕ್ಕ ಬಾರಿಸಿದ್ದು. ನಮ್ಮ ಬಕ್ಕಪ್ಪ ಕಾಕಾ ರೊಕ್ಕ ಕೊಡಾಕ ಬಂದ್ರ ಅಷ್ಟು ಮಂದಿ ಮುಂದ ಬ್ಯಾಡ ಅಂದಿ. ಅಂದಿಯೋ ಇಲ್ಲೋ?"

ನರಸಿಂಗ ಸಾಹೇಬರು ನನ್ನ ಕಡೆ ತಿರುಗಿದರು.

"ನೀ ಹೇಳೋ ಪ್ಯಾಡ್ ಮಾಸ್ತರ. ನಿಮ್ಮಪ್ಪ ಅಂದಾನೋ ಇಲ್ಲೋ?"

"ಅಂದಾನ್ರಿ."

"ನೋಡ್ರಿ! ಮನಿ ಒಳಗs ಇಂಥ ಸಾಕ್ಷಿ ಇದ್ರ ಹೊರಗಿನ ವೈರಿ ಯಾಕ ಬೇಕು!" ಎಲ್ಲರೂ ನಕ್ಕರು. ಸತೀಶಕುಮಾರನೂ.

"ಆದ್ರ ನಮ್ಮ ಧಂದೇದಾಗ ಹಂಗ ಅನ್ನೋದು—"

"ಸಾಕು ಸಾಕು."

ಪೂರ್ತಿ ಹೇಳಲು ಬಿಡಲಿಲ್ಲ. ಇಲ್ಲಿ ಬರೆಯುತ್ತೇನೆ. ಲಗ್ನದ ಬಯಾನಾ ಹಿಡಿದ ಪಾರ್ಟಿ ಅದೇ ಮನೆಯ ಸಾವಿಗೆ ಬಾರಿಸಿದರೆ, ಸತ್ತ ಮನೆಯ ದುಡ್ಡು ಮುಟ್ಟುವುದಿಲ್ಲ. "ಬ್ಯಾಡ್ರಿ" ಅನ್ನಬೇಕು. ಅದು ರೀತಿ. ಆಗ ಮನೆಯ ಹಿರಿಯ "ಬಯಾನಾ ಮುಟ್ಟಿತು" ಅನ್ನಬೇಕು. ಅಲ್ಲಿಗೆ ಲೆಕ್ಕ ಮುಗಿಯುತ್ತದೆ. ಅಪ್ಪ ತನ್ನ ಮಾತು ಆಡಿದ. ಅವರ ಮನೆಯ ಹಿರಿಯ ಬಕ್ಕಪ್ಪ ಕಾಕಾ ಕೈ ಮುಗಿದು ಸ್ನಾನಕ್ಕೆ ಹೋದರು. ಆ ಮಾತು ಆಡಲೇ ಇಲ್ಲ. ಅವರಿಗೆ ಗೊತ್ತಿತ್ತೋ ಇಲ್ಲವೋ. ಸತ್ತ ಮನೆಯಲ್ಲಿ ನಿಂತು ಕೇಳುವುದು ಹೇಗೆ?

ಸತೀಶಕುಮಾರನ ಕಾರು ಹೋದ ಮೇಲೆ ಸಾಹೇಬರು ಅಪ್ಪನನ್ನು ಕರೆದರು. ದನಿ ಮೆತ್ತಗಿತ್ತು.

"ಒಂದು ಕೆಲಸ ಮಾಡು ಮಚ್ಚೇಂದ್ರ. ನಾ ಅವರ ಮಣ್ಣಿಗೆ ಬಾರಿಸೀನಿ, ಬಯಾನಾ ಅದಕ್ಕ ಹಿಡಕೊಂಡೀನಿ ಅಂತ ಬರದು ಸಹಿ ಹಾಕು. ಸತೀಶಗ ನಾ ತಿಳಿಸಿ ಹೇಳ್ತೀನಿ. ಸಾಮಾನ ಒಯ್ಯಿ."

"ಬರದು ಕೊಡಂಗಿಲ್ರಿ."

"ಯಾಕಪಾ? ಖರೇ ಅದಲ್ಲ?"

"ಕೊಡಂಗಿಲ್ರಿ."

"ಹಂಗಾರ ಕುಂದರು."

ಮಾರ್ಚ್ 2, ಭಾನುವಾರ. ಮನೆ

ಭಾನುವಾರ ರಜೆ. ಠಾಣೆಯಿಂದ ರಜೆ! ಅಜೀತ ಬಂದಿದ್ದ — ನಮ್ಮ ಪಾರ್ಟಿಯ ಹಾಡುಗಾರ. "ಏನಲೇ ಧಮ್ಮಪಾಲ, ಸರ್ಕಾರಿ ನೌಕರಿ ಹ್ಯಾಂಗ ನಡದದ? ಹತ್ತರಿಂದ ಆರು, ಸಂಡೇ ಸುಟ್ಟಿ. ಪೆನ್ಶನ್ ಯಾವಾಗ?" ಅವ್ವ ನಗಲಿಲ್ಲ. ಅವನೂ ಚಹಾ ಮುಗಿಸದೆ ಎದ್ದ. ಬೇರೆ ಪಾರ್ಟಿಯಲ್ಲಿ ಹಾಡಲು ಹೋಗುತ್ತಿದ್ದಾನಂತೆ. ಕೇಳಿದ್ದಕ್ಕೆ ಹೌದು ಅಂದ, ಕೆಳಗೆ ನೋಡುತ್ತ.

ಅವ್ವ ಅಪ್ಪನಿಗೆ ಅಂದಳು, "ಬರದು ಕೊಟ್ಟು ಬಿಡ್ರಿ. ಪೊಲೀಸರ ಕಾಗದ ಯಾರು ಓದತಾರ?"

"ಕಾಗದಕ್ಕ ಕಾಲು ಇರತಾವ ಸೋನು."

ಅಪ್ಪನ ಭಯ ನನಗೆ ಗೊತ್ತು. ಅಜ್ಜ ಗೌಡರ ಹೆಣದ ಮುಂದೆ ಹಲಗೆ ಬಾರಿಸಿದವನು. ಕರೆದಾಗ ಹೋಗಬೇಕು, ಕೊಟ್ಟದ್ದು ಸೆರಗೊಡ್ಡಿ ತರಬೇಕು. ನಾನು ಸಣ್ಣವನಿದ್ದಾಗ ಓಣಿಯ ಎಲ್ಲ ಮನೆಯವರೂ ಬುದ್ಧ ವಿಹಾರದ ಮುಂದೆ ಹಲಗೆಗಳನ್ನು ಗುಂಪು ಹಾಕಿ ಸುಟ್ಟರು. ಬಾಬಾಸಾಹೇಬರ ಫೋಟೋ ಎದುರು ಕೈ ಎತ್ತಿ ಪ್ರತಿಜ್ಞೆ. ಲಗ್ನಕ್ಕೆ ಬಾರಿಸುತ್ತೇವೆ, ಜಯಂತಿಗೆ ಬಾರಿಸುತ್ತೇವೆ, ಮೇಲಿನ ಜಾತಿಯವರ ಸಾವಿಗೆ ಇನ್ನು ಬಾರಿಸುವುದಿಲ್ಲ. ಮೈಕಿನಲ್ಲಿ ಪ್ರತಿಜ್ಞೆ ಹೇಳಿಕೊಟ್ಟವನು ಅಪ್ಪ.

ಆಮೇಲೆ ಒಬ್ಬ ಮುರಿದ. ಅವನ ಮಗಳ ಲಗ್ನಕ್ಕೆ ಓಣಿಯ ಒಬ್ಬರೂ ಹೋಗಲಿಲ್ಲ. ಹೋಗಬಾರದು ಅಂತ ಮೊದಲು ಎದ್ದು ನಿಂತವನೂ ಅಪ್ಪನೇ.

ಆ ಅಪ್ಪ ಸತೀಶಕುಮಾರನ ಫೋನು ಬಂದಾಗ ಹೊರಟ. ಇಲ್ಲ ಅಂದರೆ ದೊಡ್ಡ ಲಗ್ನ ಕೈಬಿಡುತ್ತದೆ ಅನ್ನುವ ಅಂಜಿಕೆ. ಗಾಡಿಗೆ ಕಟ್ಟಿದ್ದ ಪಾರ್ಟಿಯ ಬ್ಯಾನರು ಬಿಚ್ಚಿಸಿದ. "ಬೆಂಜೋ ಅಂದ್ರ ಹಲಗಿ ಅಲ್ಲ" ಅಂತ ದಾರಿಯುದ್ದಕ್ಕೂ ಹೇಳಿದ. ನಾವು ಯಾರೂ ಕೇಳಿರಲಿಲ್ಲ. ಶಕುಂತಲಾಬಾಯಿಯ ಹೆಣವನ್ನು ಹೂವಿನ ವಿಮಾನದಲ್ಲಿ ಕೂರಿಸಿದ್ದರು, ಹಣೆ ತುಂಬ ವಿಭೂತಿ. ಮುಂದೆ ನಾವು. ಭಜನೆಯ ಧಾಟಿಗಳು. ನಾನೂ ಬಾರಿಸಿದೆ, ಅಜೀತನೂ ಹಾಡಿದ. ಓಣಿಗೆ ಬಂದು ಎಲ್ಲರೂ ಬಾಯಿ ಮುಚ್ಚಿಕೊಂಡೆವು.

ಮಾರ್ಚ್ 4, ಮಂಗಳವಾರ

ಮಧ್ಯಾಹ್ನ ಎದ್ದು ಹೋಗಿಬಿಟ್ಟೆ. ನೀರು ಕುಡಿಯಲು ಎದ್ದವನು ನಲ್ಲಿ ದಾಟಿ ಗೇಟು ದಾಟಿ ಹೈವೇಗೆ ಬಂದೆ. ಲಾರಿಗಳು. ಒಂದು ಹೈದರಾಬಾದ ಕಡೆ, ಒಂದು ಪುಣೆ ಕಡೆ. ಕೈ ಮಾಡಿದರೆ ಯಾವುದಾದರೂ ನಿಲ್ಲುತ್ತಿತ್ತು. ಧಾಬಾದ ತನಕ ನಡೆದೆ. ಮತ್ತೂ ಮುಂದೆ ನಡೆದೆ. ಕಾಲಿಗೆ ಎಷ್ಟು ಖುಷಿ...

ಆಮೇಲೆ ಬೆಂಚಿನ ಮೇಲೆ ಬುತ್ತಿಯ ಪಕ್ಕ ಒಬ್ಬನೇ ಕೂತ ಅಪ್ಪ ಕಣ್ಣಿಗೆ ಬಂದ. ತಿರುಗಿ ಬಂದೆ.

"ಬಂದೇನಪಾ?" ಅಂದರು ಸಾಹೇಬರು. ಅಷ್ಟೇ. ಸಿಟ್ಟಾಗಿದ್ದರೆ ಚೆನ್ನಾಗಿತ್ತು. ನಾನು ತಿರುಗಿ ಬರುತ್ತೇನೆ ಅಂತ ಅವರಿಗೆ ಗೊತ್ತಿತ್ತು.

ಅಪ್ಪ ಬುತ್ತಿ ಬಿಚ್ಚಿರಲಿಲ್ಲ.

ಮಾರ್ಚ್ 9, ಭಾನುವಾರ

ಹುಮನಾಬಾದ. ನೂರೀನ್ ಮೇಡಂ ಮನೆ. ವಕೀಲರು. ಚಿಕ್ಕ ವಯಸ್ಸು. ಆಫೀಸು ಅಂದರೆ ಪಡಸಾಲೆಯಲ್ಲಿ ಒಂದು ಟೇಬಲ್ಲು. ಒಳಗೆ ಕುಕ್ಕರ್ ಕೂಗುತ್ತಿತ್ತು.

"ಕೇಸ್ ಇಲ್ಲ, ನೋಟಿಸ್ ಇಲ್ಲ, ದಿನಾ ಕರೀತಾರ. ರೊಕ್ಕದ ತಂಟೆ ಅದ, ಅದು ಸಿವಿಲ್ ಕೋರ್ಟಿನ ಕೆಲಸ. ಪೊಲೀಸರದಲ್ಲ. ಕಲಬುರಗಿ ಹೈಕೋರ್ಟಿಗೆ ರಿಟ್ ಹಾಕಮು. ಇಂಥವು ಭಾಳ ಬರತಾವ ಕಾಕಾ." ಪೆನ್ನು ತೆಗೆದರು. "ಏನೇನು ಮಾಡ್ಯಾರ ಹೇಳ್ರಿ."

"ಕುಂದರಿಸ್ಯಾರ್ರಿ" ಅಂದೆ ನಾನು.

"ಮತ್ತ?"

"ಕುಂದರಿಸ್ಯಾರ್ರಿ. ಸಂಜೀತನಕ."

"ಬೈಯ್ಯೋದು? ಜಾತಿ ಹಿಡದು?"

"ಇಲ್ರಿ. ಚಾ ಕುಡದೀರೇನು ಅಂತಾರ."

ಮೇಡಂ ಪೆನ್ನಿನ ತುದಿ ಹಲ್ಲಿಗೆ ಒತ್ತಿಕೊಂಡರು. "ಬರದ್ರ ಬಹಳ ಸಪ್ಪಗ ಕಾಣತದ. ಇರ್ಲಿ, ಇದೂ ತಪ್ಪs. ಬಯಾನಾ ಯಾಕ ತಿರುಗಿ ಕೊಟ್ಟಿಲ್ಲ ಅದು ಹೇಳ್ರಿ, ಅವರು ಪೈಲಾ ಅದನ್ನs ಕೇಳತಾರ."

ಅಪ್ಪ ನನ್ನ ತೊಡೆ ಹಿಂಡಿದ. "ತಮ್ಮಾ, ಆಧಾರ್ ಕಾರ್ಡ್ ಝೆರಾಕ್ಸ್ ಮಾಡಿಸ್ಕೊಂಡು ಬಾ."

ಹೋದೆ. ಭಾನುವಾರ, ಝೆರಾಕ್ಸ್ ಅಂಗಡಿ ಹುಡುಕುವುದರಲ್ಲಿ ಬಸ್ ಸ್ಟ್ಯಾಂಡ್ ತನಕ ಹೋಗಬೇಕಾಯಿತು. ಬಂದಾಗ ಮೇಡಂ ಜೋರಾಗಿ ಬರೆಯುತ್ತಿದ್ದರು. ಅಪ್ಪ ನೆಲ ನೋಡುತ್ತಿದ್ದ.

ಮಾರ್ಚ್ 13, ಗುರುವಾರ

ಠಾಣೆಗೆ ಹೋಗಲಿಲ್ಲ. ಫೋನು ಬಂತು, ಅಪ್ಪ ಎತ್ತಲಿಲ್ಲ. ಅರ್ಜಿಗೆ ಸಹಿ ಹಾಕಲು ಹುಮನಾಬಾದಕ್ಕೆ ಹೋದೆವು. ಅದು ಇಂಗ್ಲಿಷಿನಲ್ಲಿದೆ. ಪ್ರಮಾಣ ಮಾಡುವ ಮೊದಲು ಕನ್ನಡದಲ್ಲಿ ಹೇಳಬೇಕಂತೆ. ಮೇಡಂ ಹೇಳುತ್ತ ಹೋದರು.

"...ಸದರಿ ಎಎಸ್ಐ ಅವರು ಅರ್ಜಿದಾರನನ್ನು ಒಳಗಿನ ಕೋಣೆಗೆ ಕರೆದೊಯ್ದು ಬೆಲ್ಟಿನಿಂದ ಬೆನ್ನಿನ ಮೇಲೆ..."

"ಹೊಡದಿಲ್ರಿ ಮೇಡಂ" ಅಂದೆ.

ಅಪ್ಪ ಮುಖ ಎತ್ತಲಿಲ್ಲ. "ಅವ ಅವತ್ತ ಇರಲಿಲ್ರಿ. ಎದ್ದು ಹೈವೇಕ ಹೋಗಿದ್ದ."

ಮೇಡಂ ಇಬ್ಬರನ್ನೂ ನೋಡಿದರು. "ಕಾಕಾ, ಇದು ಪ್ರಮಾಣಪತ್ರ ಅದ. ಖರೇ ಇದ್ರಷ್ಟ ಸಹಿ ಮಾಡ್ರಿ."

ಅಪ್ಪ ಸಹಿ ಹಾಕಿದ. ನಿಧಾನ, ಪೂರ್ತಿ ಹೆಸರು.

ನಾನು ಹೈವೇಗೆ ಹೋದ ದಿನ ಸಂಜೆ ಬಚ್ಚಲಲ್ಲಿ ಅಪ್ಪನ ಬೆನ್ನು ತಿಕ್ಕಿದವನು ನಾನು. ಬೆಂಚಿನ ಹಲಗೆ ಒತ್ತಿದ ಗೀರು ಬಿಟ್ಟರೆ ಏನೂ ಇರಲಿಲ್ಲ. ಬಸ್ಸಿನಲ್ಲಿ ಅದನ್ನೇ ಹೇಳಿದೆ. ಕಿಟಕಿಯ ಕಡೆ ಮುಖ ಮಾಡಿದ್ದ ಅಪ್ಪ ತಿರುಗದೆ ಅಂದ.

"ಹೊಡದಾರ ಅಂದ್ರ ಓಣಿ ನನ್ನ ಬೆನ್ನಿಗಿ ನಿಂದರತದ. ಬಾರಿಸ್ಯಾನ ಅಂದ್ರ ಯಾರು ನಿಂದರತಾರ? ನೀನು ನಿಂದರತೀ?"

"ನಾ ನಿಂದರತೀನಿ."

"ನೀ ಒಬ್ಬನs."

"ಆದ್ರ ಆ ಮನಷ್ಯಾ ಹೊಡದಿಲ್ಲಪಾ."

"ಕುಂದರಿಸಿಲ್ಲೇನು? ಇಷ್ಟು ದಿನ ನನ್ನ ಕಲ್ಲಿನಂಗ ಕುಂದರಿಸಿಲ್ಲೇನು? ಅದಕ್ಕ ಕೋರ್ಟಿನ್ಯಾಗ ಹೆಸರs ಇಲ್ಲ. ಹೆಸರಿದ್ದದ್ದು ಹೇಳೀನಿ, ಮುಗೀತು."

ಇಳಿಯುವ ತನಕ ಟಿಕೆಟ್ಟು ಮಡಚುತ್ತ ಕೂತೆ.

ಮಾರ್ಚ್ 26, ಬುಧವಾರ

ಸಾಮಾನು ಬಂತು!

ಹೈಕೋರ್ಟು ಪೊಲೀಸರ ಕಡೆಯಿಂದ ವರದಿ ಕೇಳಿದೆಯಂತೆ. ಕೇಳಿದ ಸುದ್ದಿ ಮುಟ್ಟಿದ್ದೇ ತಡ, ಠಾಣೆಯ ಜೀಪೇ ಓಣಿಗೆ ಬಂತು. ನರಸಿಂಗ ಸಾಹೇಬರು ತಾವೇ ಮಿಕ್ಸರು ಹೊತ್ತು ಕಟ್ಟೆಗೆ ಇಟ್ಟರು. ಓಣಿಯ ಮಂದಿ ಸುತ್ತ ನಿಂತು ನೋಡಿದರು. ಯಾರೋ "ಜೈ ಭೀಮ" ಅಂದರು, ಎಲ್ಲರೂ ಕೂಗಿದರು.

ಹೋಗುವಾಗ ಸಾಹೇಬರು ನನ್ನ ಹತ್ತಿರ ಒಂದು ಕ್ಷಣ ನಿಂತರು. ಆಮೇಲೆ ಜೀಪು ಹತ್ತಿದರು.

ಅಪ್ಪ ನೀಲಿ ಬಟ್ಟೆ ಬಿಚ್ಚಿದ. ಎರಡು ತಂತಿ ತುಕ್ಕು. ಕಟ್ಟಿಗೆ ಒಂದು ಕಡೆ ಎದ್ದಿದೆ. ಒಂದೊಂದೇ ಗುಂಡಿ ಒತ್ತಿ ನೋಡುತ್ತ ಕೂತ. ಮುಖ ನೋಡಿದೆ, ಕಳೆದ ಮಗು ಸಿಕ್ಕವರ ಮುಖ. ಆ ಹೊತ್ತಿಗೆ ನಾನೂ ಬೆಲ್ಟು ಮರೆತೆ.

ಏಪ್ರಿಲ್ 6, ಭಾನುವಾರ

ವಿಹಾರದಲ್ಲಿ ಜಯಂತಿ ತಯಾರಿಯ ಸಭೆ. ಅಪ್ಪನಿಗೆ ಹಾರ ಹಾಕಿದರು. ಅಜೀತನ ಕಾಕಾ ಭಾಷಣ: "ನಮ್ಮ ಮಚ್ಚೇಂದ್ರಣ್ಣ ಬೆಲ್ಟಿನ ಏಟು ತಿಂದಾನ, ಬಗ್ಗಿಲ್ಲ!" ಚಪ್ಪಾಳೆ. ಜಯಂತಿ ಮುಗಿದ ಮೇಲೆ ಮೋರ್ಚಾ. ಆ ಎಎಸ್ಐ ಮೇಲೆ ಅಟ್ರಾಸಿಟಿ ಕೇಸು ಆಗಲೇಬೇಕಂತೆ.

ಒಬ್ಬ ಮುದುಕಿ ಅಪ್ಪನ ಬೆನ್ನು ಸವರಿ, "ಎಲ್ಲಿ ಬಿದ್ದಾವೋ ಯಪ್ಪಾ?" ಅಂದಳು.

"ಒಳಪೆಟ್ಟು, ಯವ್ವಾ."

ಅಜೀತ ನನ್ನ ಕಿವಿಯಲ್ಲಿ: "ನೀ ಬಾಯಿ ಮುಚ್ಕೊಂಡು ಕುಂದರು. ಕುಂದರೂದು ಈಗ ಕಲ್ತಿ ಅಲ್ಲ?"

ಕೂತೆ. ಇದೂ ಒಂದು ಠಾಣೆ ಅನ್ನಿಸಿತು. ಬಾಗಿಲು ತೆರೆದೇ ಇತ್ತು. ಯಾರೂ ಹಿಡಿದಿರಲಿಲ್ಲ. ಏಳಲಾಗಲಿಲ್ಲ.

ಏಪ್ರಿಲ್ 14, ಸೋಮವಾರ

ಜಯಂತಿ. ಬಸವಕಲ್ಯಾಣದ ರಸ್ತೆ ತುಂಬ ನೀಲಿ. ಅಪ್ಪ ಇಷ್ಟು ಚೆನ್ನಾಗಿ ಯಾವತ್ತೂ ಬಾರಿಸಿಲ್ಲ. ಕೈ ನೋಯುವ ತನಕ ಪ್ಯಾಡು ಹೊಡೆದೆ. ಬ್ಯಾನರು ಮುಂದೆಯೇ ಕಟ್ಟಿತ್ತು.

ಏಪ್ರಿಲ್ 19, ಶನಿವಾರ

ತಂತಿ ತರಲು ಹುಮನಾಬಾದಕ್ಕೆ ಹೋಗಿದ್ದೆ. ಬಸ್ ಸ್ಟ್ಯಾಂಡಿನಲ್ಲಿ ನರಸಿಂಗ ಸಾಹೇಬರು. ಚೆಕ್ಸ್ ಅಂಗಿ, ಕೈಯಲ್ಲಿ ತರಕಾರಿ ಚೀಲ. ಅಮಾನತು ಮಾಡಿದ್ದಾರಂತೆ. ಯೂನಿಫಾರ್ಮ್ ಇಲ್ಲದೆ ಗುರುತು ಹತ್ತಲಿಲ್ಲ, ಅವರೇ ಕರೆದರು.

"ತಮ್ಮಾ, ನಾ ನಿಮ್ಮಪ್ಪಗ ಕೈ ಹಚ್ಚೀನೇನು?"

"ಇಲ್ರಿ."

"ವಿಚಾರಣೆ ಅದ. ನಿನಗೂ ಕರೀತಾರ. ಇಷ್ಟs ಹೇಳು ಸಾಕು." ಚೀಲ ಆ ಕೈಯಿಂದ ಈ ಕೈಗೆ ಬದಲಿಸಿದರು. "ನನಗೂ ಇಬ್ರು ಹೆಣ್ಣುಮಕ್ಕಳು ಅದಾರ. ಮ್ಯಾಲಿಂದ ಫೋನ್ ಬಂತು, ಸತೀಶನ ಕೆಲಸ ಮಾಡಿ ಕೊಡು ಅಂತ. ನಾ ಏನ್ ಮಾಡ್ಲಿ? ಹೊಡೀಬ್ಯಾಡ ಅಂತ ಕುಂದರಿಸಿದೆ. ಕುಂದರಸೂದು, ಹೊಡ್ಯೂದು ಒಂದs ಏನು?"

"ಕುಂತವರಿಗಿ ಗೊತ್ತ್ರಿ."

ನನ್ನನ್ನೇ ನೋಡಿದರು. ಸಿಟ್ಟು ಬರುತ್ತದೆ ಅಂದುಕೊಂಡೆ. ಬರಲಿಲ್ಲ. ಬೀದರ ಬಸ್ಸು ಬಂತು, ಹತ್ತಿದರು. ಸೀಟು ಸಿಗಲಿಲ್ಲ, ನಿಂತೇ ಹೋದರು.

ಏಪ್ರಿಲ್ 23, ಬುಧವಾರ

ನೋಟಿಸು ಬಂದಿದೆ. ಶುಕ್ರವಾರ, ಹುಮನಾಬಾದ ಐಬಿ, ಅಂದರೆ ಪ್ರವಾಸಿ ಮಂದಿರ. ಬೇರೆ ಜಿಲ್ಲೆಯಿಂದ ವಿಚಾರಣಾ ಅಧಿಕಾರಿ ಬರುತ್ತಾರೆ. ಅವತ್ತು ಅಪ್ಪನ ಜೊತೆ ಬೆಂಚಿನ ಮೇಲಿದ್ದವನು ಅಂತ ನನ್ನ ಹೆಸರು. ಮೊದಲು ನನ್ನ ಹೇಳಿಕೆ, ಸೋಮವಾರ ಅಪ್ಪನದು.

ಅವ್ವ ಊಟ ಬಡಿಸುತ್ತ ಹೇಳಿದಳು. "ನಾ ಇರಲಿಲ್ಲ, ನೋಡಿಲ್ಲ ಅಂದು ಬಾ. ಸುಳ್ಳೂ ಆಗಂಗಿಲ್ಲ. ನೀ ಅವತ್ತ ಎದ್ದು ಹೋಗಿದ್ದೆಲ್ಲ?"

ನಿಜ, ಸುಳ್ಳೂ ಆಗುವುದಿಲ್ಲ. ಮಧ್ಯಾಹ್ನ ಸ್ವಲ್ಪ ಹೊತ್ತು ನಾನು ಇರಲಿಲ್ಲ. ಆದರೆ ಬೆನ್ನು ನೋಡಿದ್ದೇನೆ. ಅಪ್ಪನ ಬಾಯಿಂದ ಕೇಳಿದ್ದೇನೆ. ಗೊತ್ತಿದ್ದೂ ನೋಡಿಲ್ಲ ಅಂದರೆ ಅದು ಏನು?

"ಹೊಡದಿಲ್ಲ ಅಂತ ಹೇಳ್ತೀನಿ ಅವ್ವಾ."

ಅಪ್ಪ ತಟ್ಟೆ ಬಿಟ್ಟು ಎದ್ದ. ಅಂಗಳದಲ್ಲಿ ನಿಂತು, ನನಗಲ್ಲ, ಗೋಡೆಗೆ ಹೇಳುವವನ ಹಾಗೆ: "ಹೇಳು. ಆಮ್ಯಾಲೆ ಈ ಓಣ್ಯಾಗ ನೀರು ಯಾರು ಕೊಡತಾರ ನೋಡು."

ಏಪ್ರಿಲ್ 25, ಶುಕ್ರವಾರ. ಬೆಳಿಗ್ಗೆ 11.45

ಐಬಿ. ಹೊರಗಿನ ವರಾಂಡ. ಪ್ಲಾಸ್ಟಿಕ್ ಕುರ್ಚಿ.

ಒಬ್ಬನೇ ಬಂದೆ. ಅಪ್ಪ ಬೆಳಿಗ್ಗೆಯಿಂದ ಮಾತಾಡಿಲ್ಲ. ನೂರೀನ್ ಮೇಡಂ ಫೋನಿನಲ್ಲಿ, "ನಾ ನಿನಗ ಏನೂ ಹೇಳಿಕೊಡಂಗಿಲ್ಲ. ಕಾಕಾ ನನಗೂ ಪೂರಾ ಹೇಳಿಲ್ಲ ಅಂತ ಈಗ ತಿಳೀತು" ಅಂದರು. ದನಿಯಲ್ಲಿ ಬೇಜಾರಿತ್ತು.

ಒಳಗೆ ಆದದ್ದು. ಅಧಿಕಾರಿ ಸಭ್ಯರು. ಪಕ್ಕದಲ್ಲಿ ಕಂಪ್ಯೂಟರಿಗೆ ಕೂತ ಗುಮಾಸ್ತ.

"ಹೊಡೆದದ್ದು ನೋಡಿದಿಯಾ?"

"ಇಲ್ರಿ. ಹೊಡದಿಲ್ರಿ."

ಟಕಟಕ ಟೈಪು. ಎರಡೂ ಮುಖ ಅರಳಿದವು.

"ಕುಂದರಿಸ್ಯಾರ್ರಿ. ದಿನಾ. ಹತ್ತರಿಂದ ದೀಪ ಹಚ್ಚೂತನಕ. ಮೊಬೈಲ್ ಕಸಗೊಂಡು. ಸಾಮಾನ ಒಳಗ ಇಟ್ಟುಕೊಂಡು."

ಟೈಪು ನಿಂತಿತು.

"ಕೇಳಿದ್ದಕ್ಕಷ್ಟೇ ಉತ್ತರ ಕೊಡಪ್ಪ. ನೀನಾಗಿ ಬಂದು ಕೂತಿದ್ದೆ ತಾನೇ? ಕೈಕಾಲು ಕಟ್ಟಿದ್ದರಾ?"

"ಬರ್ರಿ ಅಂದಾರ್ರಿ. ಬರಲಿಲ್ಲಂದ್ರ ಸಾಮಾನ ಬಿಡಂಗಿಲ್ಲ ಅಂದಾರ್ರಿ."

ಓದಿ ಸಹಿ ಹಾಕು ಅಂದರು. ಓದಿದೆ. "ನಾವೇ ಸ್ವಇಚ್ಛೆಯಿಂದ ಠಾಣೆಗೆ ಬರುತ್ತಿದ್ದೆವು. ನಮಗೆ ಯಾವುದೇ ಕಿರುಕುಳ ಆಗಿರುವುದಿಲ್ಲ."

"ಇದು ನಾ ಹೇಳಿಲ್ರಿ."

"ಅರ್ಥ ಅದೇ."

"ಅರ್ಥ ಅದಲ್ರಿ."

ಒಂಬತ್ತನೇ ಇಯತ್ತೆಯವನ ಜೊತೆ ಏನು ವಾದ ಅನ್ನುವ ಹಾಗೆ ಗುಮಾಸ್ತ ನಕ್ಕ. ಅಧಿಕಾರಿ ನಗಲಿಲ್ಲ. ಕನ್ನಡಕ ತೆಗೆದು ಇಟ್ಟರು.

"ಸರಿ. ಅವರು ಕರೆದದ್ದಾದರೂ ಯಾಕೆ?"

"ಬಯಾನಾಕ್ಕರಿ."

"ತೆಗೆದುಕೊಂಡಿದ್ದು ನಿಜ. ಲಗ್ನಕ್ಕೆ ಬಾರಿಸಿಲ್ಲ. ಹಾಗಾದರೆ ಯಾಕೆ ಕೊಟ್ಟಿಲ್ಲ?"

ನಾಲಿಗೆಯ ತುದಿಯಲ್ಲೇ ಇತ್ತು ಉತ್ತರ. ಹೇಳಿದರೆ ನಮ್ಮ ಕಡೆ ನ್ಯಾಯ ಇದೆ ಅಂತ ಗೊತ್ತಾಗುತ್ತದೆ. ನನ್ನ ಹೇಳಿಕೆ ಗಟ್ಟಿಯಾಗುತ್ತದೆ. ಆದರೆ ಕೈ ಎತ್ತಿ ಪ್ರತಿಜ್ಞೆ ಮಾಡಿದವನು ಅಪ್ಪ. ಮುರಿದವನು ಅಪ್ಪ. ಹೊಡೆದಿಲ್ಲ ಅನ್ನುವುದು ಇನ್ನೊಬ್ಬ ಮನುಷ್ಯನ ತಲೆ ಉಳಿಸುವ ಮಾತು, ಅದನ್ನು ತಡೆಯಲು ನನಗೆ ಹಕ್ಕಿಲ್ಲ. ಇದು ಹಾಗಲ್ಲ.

"ಉತ್ತರ ಅದರಿ. ಅದು ನಮ್ಮಪ್ಪ ಹೇಳಬೇಕ್ರಿ. ನಾ ಹೇಳಂಗಿಲ್ಲ."

"ಹಾಗಾದರೆ ಇದು ಅರ್ಧ ಹೇಳಿಕೆ. ಅರ್ಧಕ್ಕೆ ಬೆಲೆ ಇಲ್ಲ."

"ಅರ್ಧಾನs ಬರೀರಿ. ಹೊಡದಿಲ್ಲ, ಕುಂದರಿಸ್ಯಾರ. ಎರಡೂ ಬರೀರಿ, ಸಹಿ ಹಾಕತೀನಿ. ಒಂದಕ್ಕ ಹಾಕಂಗಿಲ್ಲ."

"ಹೊರಗೆ ಕೂತಿರು. ಟೈಪು ತಿದ್ದಬೇಕು."

ಕೂತಿದ್ದೇನೆ.

ಮಧ್ಯಾಹ್ನ 2.30

ಗುಮಾಸ್ತ ಊಟಕ್ಕೆ ಹೋದ. ಬಂದ. ಮತ್ತೆಲ್ಲಿಗೋ ಹೋದ. ನಡುವೆ ಒಬ್ಬ ಪೇದೆ ಬಂದು, "ಹಾಕಿ ಬಿಡಲೇ, ಮನೀಗಿ ಹೋಗು" ಅಂದ. ಇಲ್ಲ ಅಂದೆ. "ಹಂಗಾರ ಕುಂದರು" ಅಂದ. ಈ ಮಾತು ಎಲ್ಲ ಆಫೀಸಿನಲ್ಲೂ ಒಂದೇ ರಾಗದಲ್ಲಿರುತ್ತದೆ. ಕಾಲು ಕುಣಿಯುತ್ತಿದೆ. ಗೇಟು ತೆರೆದಿದೆ.

ಎದ್ದರೆ ಆ ಕಾಗದ ಅವರಿಗೆ ಬೇಕಾದ ಹಾಗೆ ಉಳಿಯುತ್ತದೆ. ಏಳುವುದಿಲ್ಲ.

3.20

ಅಪ್ಪ ಬಂದಿದ್ದಾನೆ. ಗೇಟಿನ ಹತ್ತಿರ ಸ್ವಲ್ಪ ಹೊತ್ತು ನಿಂತಿದ್ದ. ಆಮೇಲೆ ಬಂದು ಪಕ್ಕದ ಕುರ್ಚಿಯಲ್ಲಿ ಕೂತ. ಟವೆಲ್ಲಿನಿಂದ ಕತ್ತು ಒರೆಸಿಕೊಂಡ.

"ಸಂಜಿ ಆದ್ರೂ ಬರಲಿಲ್ಲಲ್ಲ ಅಂತ ನಿಮ್ಮವ್ವ ಒಂದs ಸವನ..." ಅಂದ. ಸಂಜೆ ಇನ್ನೂ ಆಗಿಲ್ಲ.

ನಾನು ಬರೆಯುತ್ತಿದ್ದೆ. ನೋಡಿದ, ಕೇಳಲಿಲ್ಲ.

"ಏನಂದಿ ಒಳಗ?"

"ಹೊಡದಿಲ್ಲ ಅಂದೆ."

ರಸ್ತೆಯಲ್ಲಿ ಒಂದು ಟಂಟಂ ಆಟೋ ಹೋಯಿತು. ಮತ್ತೊಂದು.

"ಮತ್ತ?"

"ಕುಂದರಿಸ್ಯಾರ ಅಂದೆ. ಅದು ಬರ್ಯಾಂಗಿಲ್ಲಂತ. ಅದಕ್ಕs ಕುಂತೀನಿ."

"ಮತ್ತ?"

"ಬಯಾನಾ ಯಾಕ ಕೊಟ್ಟಿಲ್ಲ ಅಂತ ಕೇಳಿದ್ರು. ನಮ್ಮಪ್ಪಗ ಕೇಳ್ರಿ ಅಂದೆ."

ಅಪ್ಪ ನನ್ನ ಮುಖ ನೋಡಿದ. ಬಹಳ ದಿನದ ಮೇಲೆ.

"ಹೇಳಲಿಲ್ಲೇನು?"

"ಇಲ್ಲ."

"ಹೇಳಿದ್ರ ನಿನ್ನ ಬಿಡತಿದ್ರು."

"ಬಿಡತಿದ್ರೇನೋ."

ಅಪ್ಪನ ಬೆರಳು ತೊಡೆಯ ಮೇಲೆ ಗುಂಡಿ ಒತ್ತುತ್ತಿವೆ. ಯಾವ ಹಾಡೋ ಗೊತ್ತಾಗುತ್ತಿಲ್ಲ. ನಿಂತವು.

ಒಳಗಿನಿಂದ ಗುಮಾಸ್ತ ಕೂಗಿದ. ನನ್ನ ಹೆಸರು.

ಅಪ್ಪ ಟವೆಲ್ಲು ಕುರ್ಚಿಯ ಮೇಲೆ ಬಿಟ್ಟು, "ಬಯಾನಾದ ಮಾತು ನಾ ಹೇಳ್ತೀನಿ" ಅಂದು ನನಗಿಂತ ಮೊದಲು ಎದ್ದು ಬಾಗಿಲ ಕಡೆ ನಡೆದ.